ತಿರುಪ್ಪೂರಿನ ಅವಿನಾಶಿಲಿಂಗಂ: ಶಾಲೆ, ಭಾಷೆ, ಗ್ರಂಥಾಲಯ



ವಾರ್ಷಿಕೋತ್ಸವದ ಸಂಚಿಕೆ ಅಂದ್ರೆ ಬಾಬಾಸಾಹೇಬರ ಬಗ್ಗೆ, ಅಯ್ಯಂಕಾಳಿ ಬಗ್ಗೆ, ರೆಟ್ಟೈಮಲೈ ಶ್ರೀನಿವಾಸನ್ ಬಗ್ಗೆ ಬರೆಯೋದು ವಾಡಿಕೆ. ಅದು ಬೇಕು, ಎಷ್ಟು ಬರೆದರೂ ಸಾಲದು. ಈ ಸಲ ಮಾತ್ರ ನಮ್ಮ ಜಾತಿಯವರಲ್ಲದ, ನಮ್ಮ ಜಿಲ್ಲೆಯಲ್ಲೇ ಹುಟ್ಟಿ ಬೆಳೆದ ಒಬ್ಬರ ಬದುಕನ್ನು ನಿಮ್ಮ ಮುಂದೆ ಇಡುತ್ತಿದ್ದೇನೆ. ಯಾಕೆ ಅಂತ ಕೇಳ್ತೀರಿ, ಗೊತ್ತು. ಓದ್ತಾ ಹೋದ ಹಾಗೆ ನಿಮಗೇ ತಿಳಿಯುತ್ತೆ.

ಕೊಯಮತ್ತೂರಿನಲ್ಲಿ ಮೆಟ್ಟುಪಾಳಯಂ ರಸ್ತೆ ಕಡೆ ಹೋಗುವಾಗ ಅವಿನಾಶಿಲಿಂಗಂ ಅನ್ನುವ ಹೆಸರು ಕೇಳಿರುತ್ತೀರಿ. ಹೆಣ್ಣುಮಕ್ಕಳ ವಿಶ್ವವಿದ್ಯಾಲಯ ಅದು. ಅವಿನಾಶಿ ದೇವಸ್ಥಾನಕ್ಕೆ ಸೇರಿದ್ದು ಅಂತ ನಮ್ಮಲ್ಲಿ ಕೆಲವರು ಅಂದುಕೊಂಡಿದ್ದಾರೆ. ಹೆಸರು ಆ ದೇವರದ್ದೇ ಇರಬಹುದು, ಆದರೆ ಇಲ್ಲಿ ಅದು ಒಬ್ಬ ಮನುಷ್ಯನ ಹೆಸರು. ತಿರುಪ್ಪೂರು ಸುಬ್ರಹ್ಮಣ್ಯ ಅವಿನಾಶಿಲಿಂಗಂ ಚೆಟ್ಟಿಯಾರ್. ವಕೀಲ, ಸ್ವಾತಂತ್ರ್ಯ ಹೋರಾಟಗಾರ, ಮದರಾಸು ಪ್ರಾಂತ್ಯದ ಶಿಕ್ಷಣ ಮಂತ್ರಿ, ತಿರುಪ್ಪೂರಿನ ಮೊದಲ ಲೋಕಸಭಾ ಸದಸ್ಯ. ಇಷ್ಟು ಹೇಳಿದ್ರೆ ಅರ್ಧ ಮಾತ್ರ ಹೇಳಿದ ಹಾಗೆ. ತಮಿಳುನಾಡಿನಲ್ಲಿ ಬಡವರ ಮಕ್ಕಳು ಹೈಸ್ಕೂಲಿನ ಪಾಠವನ್ನು ತಮಿಳಿನಲ್ಲಿ ಓದಿ ಪಾಸಾಗೋದಕ್ಕೆ ದಾರಿ ಮಾಡಿದವರಲ್ಲಿ ಇವರ ಹೆಸರು ಮೊದಲ ಸಾಲಿನಲ್ಲಿದೆ.

ಹತ್ತಿಯ ಊರಿನ ಹುಡುಗ

ಅವರು ಹುಟ್ಟಿದ್ದು 1903ರ ಮೇ 5ರಂದು, ತಿರುಪ್ಪೂರಿನಲ್ಲಿ. ಈಗಿನ ತಿರುಪ್ಪೂರನ್ನು ಮನಸ್ಸಿನಲ್ಲಿ ಇಟ್ಟುಕೊಂಡು ಆ ಊರನ್ನು ಊಹಿಸಬೇಡಿ. ಬನಿಯನ್ ಕಂಪನಿಗಳಿಲ್ಲ, ಡೈಯಿಂಗ್ ಇಲ್ಲ, ಶಿಫ್ಟ್ ಬಿಟ್ಟಾಗ ರಸ್ತೆ ತುಂಬುವ ಜನ ಇಲ್ಲ. ಹತ್ತಿ ವ್ಯಾಪಾರದ ಒಂದು ಪೇಟೆ ಅಷ್ಟೆ. ಜಿಲ್ಲೆಯೂ ಬೇರೆ ಥರ ಇತ್ತು. ತಿರುಪ್ಪೂರು ಜಿಲ್ಲೆ ಆದದ್ದು 2009ರಲ್ಲಿ, ಈರೋಡು ಜಿಲ್ಲೆ ಆದದ್ದು 1979ರಲ್ಲಿ. ಆಗ ಎಲ್ಲ ಸೇರಿ ಒಂದೇ ಕೊಯಮತ್ತೂರು ಜಿಲ್ಲೆ. ನಮ್ಮ ಕನ್ನಡದವರು ಗಮನಿಸಬೇಕಾದ ವಿಷಯ ಏನಂದ್ರೆ, ಈಗ ಕರ್ನಾಟಕದಲ್ಲಿರುವ ಕೊಳ್ಳೇಗಾಲ ತಾಲೂಕು ಕೂಡ 1956ರ ತನಕ ಇದೇ ಕೊಯಮತ್ತೂರು ಜಿಲ್ಲೆಯೊಳಗೇ ಇತ್ತು. ತಾಳವಾಡಿಯೂ ಇತ್ತು. ಅಂದ್ರೆ ಕನ್ನಡ ಈ ಜಿಲ್ಲೆಗೆ ಹೊರಗಿನಿಂದ ಬಂದ ನೆಂಟ ಅಲ್ಲ.

ಅವಿನಾಶಿಲಿಂಗಂ ಅವರದ್ದು ಸ್ಥಿತಿವಂತ ವ್ಯಾಪಾರಸ್ಥರ ಮನೆ. ಊಟಕ್ಕೆ, ಬಟ್ಟೆಗೆ, ಫೀಸಿಗೆ ಕಷ್ಟಪಟ್ಟವರಲ್ಲ. ಇದನ್ನು ಮುಚ್ಚಿಡದೆ ಹೇಳಬೇಕು. ಅದೇ ಕಾಲದಲ್ಲಿ ನಮ್ಮ ಮುತ್ತಾತಂದಿರು ಹಳ್ಳಿಯ ಶಾಲೆಯ ಬಾಗಿಲು ಹತ್ತೋದಕ್ಕೂ ಆಗ್ತಿರಲಿಲ್ಲ. ಅವರು ಮದರಾಸಿಗೆ ಹೋಗಿ ಡಿಗ್ರಿ ಓದಿ, ಕಾನೂನು ಓದಿ, ವಕೀಲರಾಗಿ ವಾಪಸ್ ಬಂದರು. ಆಗ ಹೈಸ್ಕೂಲು ಅಂದ್ರೆ ಇಂಗ್ಲಿಷು. ಗಣಿತ, ಚರಿತ್ರೆ, ಭೂಗೋಳ ಎಲ್ಲವೂ ಇಂಗ್ಲಿಷಿನಲ್ಲೇ. ತಾಯಿ ಮಾತಿನಲ್ಲಿ ಯೋಚನೆ ಮಾಡೋ ಹುಡುಗ ಪರೀಕ್ಷೆಯಲ್ಲಿ ಬೇರೆ ಮಾತಿನಲ್ಲಿ ಬರೆಯಬೇಕು. ದುಡ್ಡಿರುವ ಮನೆಯವರು ಟ್ಯೂಷನ್ ಇಟ್ಟು ಆ ಹೊಳೆ ದಾಟುತ್ತಿದ್ದರು. ಉಳಿದವರು ಈಚೆ ದಡದಲ್ಲೇ ನಿಲ್ಲುತ್ತಿದ್ದರು.

ವಕೀಲಿಕೆ ಅವರನ್ನು ಹೆಚ್ಚು ದಿನ ಹಿಡಿದಿಡಲಿಲ್ಲ. ಗಾಂಧಿಯ ಚಳವಳಿ ಒಂದು ಕಡೆ ಎಳೆಯಿತು, ರಾಮಕೃಷ್ಣ ಪರಮಹಂಸ, ವಿವೇಕಾನಂದರ ವಿಚಾರ ಇನ್ನೊಂದು ಕಡೆ. ಮದುವೆ ಆಗಲಿಲ್ಲ. ಕೊಯಮತ್ತೂರು ಜಿಲ್ಲೆಯಲ್ಲಿ ಕಾಂಗ್ರೆಸ್ಸಿನ ಮುಂದಾಳುಗಳಲ್ಲಿ ಒಬ್ಬರಾದರು. ಉಪ್ಪಿನ ಸತ್ಯಾಗ್ರಹದ ಕಾಲದಿಂದ 1942ರ ಕ್ವಿಟ್ ಇಂಡಿಯಾ ಚಳವಳಿಯ ತನಕ ಹಲವು ಸಲ ಜೈಲಿಗೆ ಹೋದರು. 1932ರ ಜನವರಿಯಲ್ಲಿ ಇದೇ ತಿರುಪ್ಪೂರಿನ ಬೀದಿಯಲ್ಲಿ ಬಾವುಟ ಹಿಡಿದಿದ್ದ ಕುಮರನ್ ಪೊಲೀಸರ ಏಟಿಗೆ ಪ್ರಾಣ ಬಿಟ್ಟದ್ದು ನಿಮಗೆ ಗೊತ್ತೇ ಇದೆ. ಅಂಥ ಕಾಲ ಅದು.

ಕೆಲವೇ ಹುಡುಗರ ಒಂದು ಶಾಲೆ

1930ರಲ್ಲಿ, ತಮ್ಮ 27ನೇ ವಯಸ್ಸಿನಲ್ಲಿ, ಅವರು ಕೊಯಮತ್ತೂರಿನಲ್ಲಿ ಶ್ರೀ ರಾಮಕೃಷ್ಣ ವಿದ್ಯಾಲಯ ಅಂತ ಒಂದು ವಸತಿ ಶಾಲೆ ಶುರು ಮಾಡಿದರು. ಶುರುವಿನಲ್ಲಿ ಬೆರಳೆಣಿಕೆಯಷ್ಟೇ ಹುಡುಗರು. ಅವರೊಳಗೆ ನಮ್ಮ ಜನರ ಹುಡುಗನೂ ಇದ್ದ.

ಇದರಲ್ಲಿ ಏನು ದೊಡ್ಡ ವಿಷಯ ಅಂತ ಈಗಿನವರಿಗೆ ಅನ್ನಿಸಬಹುದು. ಅದಕ್ಕೆ ಐದಾರು ವರ್ಷ ಹಿಂದೆ ಏನಾಗಿತ್ತು ನೋಡಿ. ತಿರುನೆಲ್ವೇಲಿ ಕಡೆ ಚೇರನ್ಮಾದೇವಿಯಲ್ಲಿ ವ.ವೇ.ಸು. ಅಯ್ಯರ್ ಒಂದು ಗುರುಕುಲ ನಡೆಸುತ್ತಿದ್ದರು. ಕಾಂಗ್ರೆಸ್ಸಿನಿಂದಲೂ ಅದಕ್ಕೆ ದುಡ್ಡು ಹೋಗಿತ್ತು. ದೇಶಭಕ್ತಿಯ ಶಾಲೆ ಅಂತ ಹೆಸರು. ಅಲ್ಲಿ ಬ್ರಾಹ್ಮಣ ಹುಡುಗರಿಗೆ ಊಟ ಬೇರೆ ಅಂತ ಗೊತ್ತಾದಾಗ ನಾಡಿನಲ್ಲೆಲ್ಲ ಗಲಾಟೆ ಎದ್ದಿತು. ಈರೋಡಿನ ಪೆರಿಯಾರ್ ಕಾಂಗ್ರೆಸ್ಸಿನ ಮೇಲೆ ಸಿಟ್ಟಾಗಿ 1925ರಲ್ಲಿ ಹೊರಗೆ ಬರೋದಕ್ಕೆ ಇದೂ ಒಂದು ಕಾರಣ. ಬ್ರಾಹ್ಮಣರಲ್ಲದ ಮೇಲ್ಜಾತಿಯವರಿಗೇ ಪಂಕ್ತಿ ಬೇರೆ ಅಂದ ಮೇಲೆ ನಮ್ಮ ಮಕ್ಕಳ ಗತಿ ಹೇಳಬೇಕಾ? ನಮ್ಮ ಕೊಂಗು ನಾಡಿನಲ್ಲಂತೂ ಬಾವಿ ಬೇರೆ, ಬೀದಿ ಬೇರೆ, ಟೀ ಅಂಗಡಿಯಲ್ಲಿ ಲೋಟ ಬೇರೆ. ಆ ಎರಡು ಲೋಟದ ಕಥೆ ನಮ್ಮ ಅಪ್ಪಂದಿರ ಕಾಲಕ್ಕೂ ಮುಗಿದಿರಲಿಲ್ಲ ಅನ್ನೋದು ಈ ಬೀದಿಯ ಹಿರಿಯರಿಗೆ ಗೊತ್ತು.

ಅಂಥ ಜಿಲ್ಲೆಯಲ್ಲಿ ಒಬ್ಬ ಮೇಲ್ಜಾತಿಯ ಶ್ರೀಮಂತರ ಮನೆಯ ಯುವಕ ನಮ್ಮ ಹುಡುಗನನ್ನು ಸೇರಿಸಿಕೊಂಡೇ ವಸತಿ ಶಾಲೆ ಶುರು ಮಾಡಿದ್ದು ಸಣ್ಣ ಮಾತಲ್ಲ. ಸ್ವಂತದವರ ಕಣ್ಣಿಗೆ ಕೆಟ್ಟವನಾಗೋ ಕೆಲಸ ಅದು. ಮುಂದೆ ಆ ವಿದ್ಯಾಲಯ ಮೆಟ್ಟುಪಾಳಯಂ ರಸ್ತೆಯ ಪೆರಿಯನಾಯಕ್ಕನ್‌ಪಾಳಯಕ್ಕೆ ಹೋಯಿತು. ಶಾಲೆ, ಶಿಕ್ಷಕರ ತರಬೇತಿ ಕಾಲೇಜು, ಪಾಲಿಟೆಕ್ನಿಕ್, ಕೃಷಿ ಶಿಕ್ಷಣ ಅಂತ ಒಂದೊಂದಾಗಿ ಬೆಳೆಯಿತು. ಈಗಲೂ ನಡೀತಾ ಇದೆ.

ಒಪ್ಪದ ಮಾತನ್ನೂ ಹೇಳಬೇಕು

ಇಷ್ಟು ಹೊಗಳಿದ ಮೇಲೆ ಇನ್ನೊಂದು ಮುಖವನ್ನೂ ಹೇಳದೆ ಹೋದರೆ ಇದು ನಮ್ಮ ಸಂಘದ ಸಂಚಿಕೆ ಆಗೋದಿಲ್ಲ.

ಅವಿನಾಶಿಲಿಂಗಂ ಗಾಂಧಿಯ ದಾರಿಯವರು. 1932ರಲ್ಲಿ ನಮಗೆ ಸಿಕ್ಕಿದ್ದ ಪ್ರತ್ಯೇಕ ಮತಕ್ಷೇತ್ರ ಗಾಂಧಿಯ ಉಪವಾಸದಿಂದ ಹೋಯಿತು, ಪೂನಾ ಒಪ್ಪಂದ ಆಯಿತು. ಆಮೇಲೆ ಗಾಂಧಿ ಹರಿಜನ ಸೇವಕ ಸಂಘ ಕಟ್ಟಿದರು, ಊರೂರು ಸುತ್ತಿ ಹರಿಜನ ನಿಧಿ ಕೂಡಿಸಿದರು. 1934ರ ಫೆಬ್ರವರಿಯಲ್ಲಿ ಆ ಪ್ರವಾಸ ನಮ್ಮ ಜಿಲ್ಲೆಗೂ ಬಂತು. ಇಲ್ಲಿ ಹಣ ಕೂಡಿಸೋದರಲ್ಲಿ ಅವಿನಾಶಿಲಿಂಗಂ ಮುಂದೆ ನಿಂತರು. ಬಾಬಾಸಾಹೇಬರ ದಾರಿ ಬೇರೆ. ಮೇಲ್ಜಾತಿಯವರು ಕರುಣೆಯಿಂದ ಕೊಡೋದಲ್ಲ, ಬಾವಿ, ಬೀದಿ, ಶಾಲೆ, ಮತದಾನ ಇವೆಲ್ಲ ನಮ್ಮ ಹಕ್ಕು ಅಂತ ಹೋರಾಡಿ ತಗೋಬೇಕು ಅನ್ನೋದು ಅವರ ನಿಲುವು. ಹರಿಜನ ಅನ್ನೋ ಹೆಸರನ್ನೂ ಅವರು ಒಪ್ಪಲಿಲ್ಲ. ನಾವೂ ಒಪ್ಪೋದಿಲ್ಲ.

ಹಾಗಾಗಿ ಅವಿನಾಶಿಲಿಂಗಂ ನಮ್ಮನ್ನು ಉದ್ಧಾರ ಮಾಡಿದರು ಅಂತ ನಾನು ಬರೆಯೋದಿಲ್ಲ. ಅವರ ಶಾಲೆಯಲ್ಲಿ ನಮ್ಮ ಹುಡುಗನಿಗೆ ಜಾಗ ಸಿಕ್ಕಿದ್ದು ಒಬ್ಬ ಒಳ್ಳೆಯ ಮನುಷ್ಯನ ಮನಸ್ಸಿನಿಂದ. ಇವತ್ತು ನಿಮ್ಮ ಮಗಳಿಗೆ ಕಾಲೇಜಿನಲ್ಲಿ ಸೀಟು ಸಿಗೋದು ಸಂವಿಧಾನದಿಂದ. ಮನಸ್ಸು ಬದಲಾಗಬಹುದು, ಸಂವಿಧಾನದ ಹಕ್ಕನ್ನು ಹಾಗೆ ಸುಲಭವಾಗಿ ಕಿತ್ತುಕೊಳ್ಳೋಕೆ ಆಗಲ್ಲ. ಈ ವ್ಯತ್ಯಾಸ ಮನಸ್ಸಿನಲ್ಲಿ ಇಟ್ಟುಕೊಂಡು ಮುಂದೆ ಓದಿ. ಯಾಕಂದ್ರೆ ಮಂತ್ರಿ ಆದ ಮೇಲೆ ಅವರು ಮಾಡಿದ ಕೆಲವು ಕೆಲಸ ಕರುಣೆಯ ಲೆಕ್ಕದ್ದಲ್ಲ, ಕಾನೂನಿನ ಲೆಕ್ಕದ್ದು.

ಮೂರು ವರ್ಷದ ಮಂತ್ರಿ

1935ರಿಂದ 1945ರ ತನಕ ಅವರು ದೆಹಲಿಯ ಕೇಂದ್ರ ಶಾಸನ ಸಭೆಯ ಸದಸ್ಯರು. 1946ರಲ್ಲಿ ಮದರಾಸಿನಲ್ಲಿ ಟಿ. ಪ್ರಕಾಶಂ ಸರಕಾರ ಬಂದಾಗ ಶಿಕ್ಷಣ ಮಂತ್ರಿ ಆದರು. 1947ರಲ್ಲಿ ಓಮಂದೂರು ರಾಮಸ್ವಾಮಿ ರೆಡ್ಡಿಯಾರ್ ಮುಖ್ಯಮಂತ್ರಿ ಆದಾಗಲೂ ಅದೇ ಖಾತೆ. 1949ರ ತನಕ, ಒಟ್ಟು ಮೂರು ವರ್ಷ. ದೇವಸ್ಥಾನ ಪ್ರವೇಶದ ಕಾನೂನನ್ನು 1947ರಲ್ಲಿ ತಂದ ಸರಕಾರವೂ ಓಮಂದೂರಾರದ್ದೇ.

ಆಗಿನ ಮದರಾಸು ಪ್ರಾಂತ್ಯ ಅಂದ್ರೆ ಒಂದು ಭಾಷೆಯ ನಾಡಲ್ಲ. ತಮಿಳು ಜಿಲ್ಲೆಗಳು, ಆಂಧ್ರದ ಜಿಲ್ಲೆಗಳು, ಮಲಯಾಳದ ಮಲಬಾರು, ಕನ್ನಡ ಮಾತಾಡುವ ಬಳ್ಳಾರಿ, ತುಳು ಕನ್ನಡದ ದಕ್ಷಿಣ ಕನ್ನಡ, ಅದರೊಳಗೆ ಕಾಸರಗೋಡು. ಇಂಥ ಪ್ರಾಂತ್ಯದಲ್ಲಿ ಇಂಗ್ಲಿಷನ್ನು ಹೈಸ್ಕೂಲಿನ ಪಾಠದ ಭಾಷೆಯ ಜಾಗದಿಂದ ಇಳಿಸಿ, ಆಯಾ ಕಡೆಯ ಜನರ ಭಾಷೆಯನ್ನು ಅಲ್ಲಿ ಕೂರಿಸುವ ಕೆಲಸವನ್ನು ಅವರು ಗಟ್ಟಿ ಮಾಡಿದರು. ತಮಿಳು ಕಡೆ ತಮಿಳಿನಲ್ಲಿ ಪಾಠ. ಇದರ ಬೀಜ ಹಿಂದೆಯೇ ಬಿದ್ದಿತ್ತು, ಕೆಲವು ಶಾಲೆಗಳಲ್ಲಿ ಪ್ರಯೋಗವೂ ನಡೆದಿತ್ತು. ಅದನ್ನು ಎಲ್ಲ ಕಡೆಯ ನಿಯಮ ಮಾಡಿದ್ದರಿಂದ ಅವರ ಹೆಸರು ಉಳಿಯಿತು.

ಆಗ ಎದ್ದ ಪ್ರಶ್ನೆ ಇದು: ತಮಿಳಿನಲ್ಲಿ ವಿಜ್ಞಾನ ಹೇಳೋಕೆ ಆಗುತ್ತಾ? ಶಬ್ದ ಎಲ್ಲಿವೆ? ಆಕ್ಸಿಜನ್‌ಗೆ ಏನಂತೀರಿ? ಕನ್ನಡದಲ್ಲಿ ನಾವು ಆಮ್ಲಜನಕ ಅಂತೀವಿ. ತಮಿಳಿನಲ್ಲಿ ಕೆಲವರು ಪ್ರಾಣವಾಯು ಅಂದರು, ಸಂಸ್ಕೃತ ಬೇಡ ಅನ್ನೋರು ಉಯಿರ್‌ವಳಿ ಅಂದರು, ಇನ್ನು ಕೆಲವರು ಆಕ್ಸಿಜನ್ ಅಂತಲೇ ಇರಲಿ ಅಂದರು. ಮೂರರಲ್ಲಿ ಯಾವುದನ್ನು ಬಳಸಿದರೂ ಉಸಿರಾಟ ಅಂದ್ರೆ ಏನು ಅನ್ನೋದು ಹುಡುಗನಿಗೆ ಅರ್ಥವಾಗೋದು ಅವನ ಮಾತಿನಲ್ಲಿ ಹೇಳಿದಾಗಲೇ. ಶಬ್ದ ಪೂರ್ತಿ ಸಿದ್ಧ ಆಗೋ ತನಕ ಕಾಯೋಣ ಅಂತ ಅವರು ಕೂರಲಿಲ್ಲ. ಶಾಲೆಯನ್ನೂ ನಡೆಸಿ, ಶಬ್ದವನ್ನೂ ಕಟ್ಟೋಣ ಅನ್ನೋದು ಅವರ ದಾರಿ.

ಇನ್ನೊಂದು ಕೆಲಸ ಕವಿ ಸುಬ್ರಹ್ಮಣ್ಯ ಭಾರತಿಯವರ ಬರವಣಿಗೆಗೆ ಸೇರಿದ್ದು. ಭಾರತಿ 1921ರಲ್ಲಿ ಬಡತನದಲ್ಲೇ ತೀರಿಕೊಂಡರು. ಅವರ ಪದ್ಯಗಳ ಹಕ್ಕು ಆಮೇಲೆ ಬೇರೆ ಬೇರೆಯವರ ಕೈಗೆ ಹೋಯಿತು. ಆ ಹಕ್ಕನ್ನು ಸರಕಾರವೇ ಕೊಂಡು ಜನರದ್ದು ಮಾಡಬೇಕು ಅನ್ನೋ ಪ್ರಯತ್ನದಲ್ಲಿ ಅವಿನಾಶಿಲಿಂಗಂ ಕೈ ಇತ್ತು. 1949ರಲ್ಲಿ ಸರಕಾರ ಹಕ್ಕು ಪಡೆಯಿತು. ಇವತ್ತು ನಮ್ಮ ಸಂಘದ ವೇದಿಕೆಯಲ್ಲಿ ಮಕ್ಕಳು ಭಾರತಿ ಹಾಡು ಹಾಡಿದ್ರೆ ಯಾರೂ ಬಂದು ದುಡ್ಡು ಕೇಳೋದಿಲ್ಲ.

ಹಿಂದಿಯ ಗಲಾಟೆ

ಭಾಷೆಗಾಗಿ ದುಡಿದವರು ಭಾಷೆಯ ವಿಷಯದಲ್ಲೇ ಬೈಸಿಕೊಂಡದ್ದೂ ಇದೆ. 1948ರಲ್ಲಿ ಓಮಂದೂರಾರ್ ಸರಕಾರ ಶಾಲೆಗಳಲ್ಲಿ ಹಿಂದಿಯನ್ನು ಕಡ್ಡಾಯ ಮಾಡಿತು. ಆಗ ಶಿಕ್ಷಣ ಮಂತ್ರಿ ಇವರೇ. ತಮಿಳಿಗೆ ಪಾಠದ ಪೀಠ ಕೊಟ್ಟ ಕೈಯೇ ಹಿಂದಿಯ ಆದೇಶವನ್ನೂ ಹೊತ್ತುಕೊಂಡಿತು. ಪೆರಿಯಾರ್ ಮತ್ತೆ ಬೀದಿಗೆ ಇಳಿದರು, ಅಣ್ಣಾದುರೈ ಜೊತೆಯಾದರು. ಮುಂದೆ ಸರಕಾರ ಹಿಂದೆ ಸರಿಯಬೇಕಾಯಿತು.

ಮತ್ತೆ ಅಂತ ಯಾಕೆ ಅಂದೆ ಅಂದ್ರೆ, ಇದಕ್ಕೂ ಮೊದಲು ರಾಜಾಜಿ ಸರಕಾರದ ಕಾಲದಲ್ಲಿ ಒಂದು ಹಿಂದಿ ವಿರೋಧಿ ಚಳವಳಿ ನಡೆದಿತ್ತು. ಅದರಲ್ಲಿ ಜೈಲು ಸೇರಿ 1939ರಲ್ಲಿ ಮೊದಲು ಪ್ರಾಣ ಬಿಟ್ಟವನು ನಟರಾಜನ್, ನಮ್ಮ ದಲಿತ ಯುವಕ. ಎರಡನೆಯವನು ತಾಳಮುತ್ತು. ಭಾಷೆ ಅನ್ನೋದು ದೊಡ್ಡವರ, ಪಂಡಿತರ ವಿಷಯ, ನಮಗೇನು ಅನ್ನೋ ಅಣ್ಣಂದಿರು ಈ ಹೆಸರನ್ನು ನೆನಪಿನಲ್ಲಿ ಇಟ್ಟುಕೊಳ್ಳಿ. ತಮಿಳಿಗಾಗಿ ಹೋದ ಮೊದಲ ಜೀವ ಚೇರಿಯದ್ದು.

ಹತ್ತು ಸಂಪುಟ

ಅವಿನಾಶಿಲಿಂಗಂ ಅವರ ದೊಡ್ಡ ಕೆಲಸ ಅಂತ ನಾನು ಎಣಿಸೋದು ಭಾಷಣವನ್ನಲ್ಲ, ಆದೇಶವನ್ನೂ ಅಲ್ಲ. 1946ರಲ್ಲಿ ಅವರು ತಮಿಳ್ ವಳರ್ಚಿ ಕಳಗಂ ಅಂತ ಒಂದು ಸಂಸ್ಥೆ ಕಟ್ಟಿದರು. ತಮಿಳು ಅಭಿವೃದ್ಧಿ ಕೂಟ ಅಂತ ಅರ್ಥ. ಅದು ಕೈಗೆತ್ತಿಕೊಂಡದ್ದು ಕಲೈಕ್ಕಳಂಜಿಯಂ ಅನ್ನುವ ವಿಶ್ವಕೋಶ. ಪ್ರಧಾನ ಸಂಪಾದಕರು ಪೆರಿಯಸಾಮಿ ತೂರನ್. ಅವರೂ ನಮ್ಮ ಹಳೆಯ ಕೊಯಮತ್ತೂರು ಜಿಲ್ಲೆಯವರು, ಅವಿನಾಶಿಲಿಂಗಂ ಕಟ್ಟಿದ ವಿದ್ಯಾಲಯದಲ್ಲೇ ಮೇಷ್ಟ್ರಾಗಿ ಇದ್ದವರು. ಮೊದಲ ಸಂಪುಟ ಬಂದದ್ದು 1954ರಲ್ಲಿ, ಹತ್ತನೆಯದು 1968ರಲ್ಲಿ. ಆಮೇಲೆ ಮಕ್ಕಳಿಗಾಗಿಯೇ ಇನ್ನೂ ಹತ್ತು ಸಂಪುಟದ ವಿಶ್ವಕೋಶ, 1976ರ ತನಕ.

ಲೆಕ್ಕ ಹಾಕಿ ನೋಡಿ. ಮಂತ್ರಿಗಿರಿ ಹೋದದ್ದು 1949ರಲ್ಲಿ. ಕೆಲಸ ಮುಗಿದದ್ದು ಅದಾದ 27 ವರ್ಷಕ್ಕೆ. ಕುರ್ಚಿ ಹೋದ ಕೂಡಲೇ ಭಾಷೆಯ ಪ್ರೀತಿ ಆರಿಹೋಗೋ ರಾಜಕಾರಣಿಗಳನ್ನು ನಾವು ಎಷ್ಟು ಜನರನ್ನ ನೋಡಿಲ್ಲ?

ಕನ್ನಡದಲ್ಲೂ ಇಂಥ ಕೆಲಸ ಆಗಿದೆ. ಶಿವರಾಮ ಕಾರಂತರು ಮಕ್ಕಳಿಗಾಗಿ ಬಾಲಪ್ರಪಂಚವನ್ನು 1936ರಲ್ಲೇ ಮೂರು ಸಂಪುಟದಲ್ಲಿ ಒಬ್ಬರೇ ನಿಂತು ತಂದರು. ಮೈಸೂರು ವಿಶ್ವವಿದ್ಯಾಲಯದ ಕನ್ನಡ ವಿಶ್ವಕೋಶದ ಮೊದಲ ಸಂಪುಟ 1969ರಲ್ಲಿ ಬಂತು, ತಮಿಳಿನ ಹತ್ತನೆಯದು ಮುಗಿದ ಮರುವರ್ಷ.

ನಿಮ್ಮ ಮನೆ ತೆರಿಗೆಯಲ್ಲಿರುವ ಪುಸ್ತಕ

ಈಗ ಒಂದು ಕೆಲಸ ಮಾಡಿ. ಮನೆ ತೆರಿಗೆ ಕಟ್ಟಿದ ರಸೀತಿ ಇದ್ರೆ ತೆಗೆದು ನೋಡಿ. ಅದರಲ್ಲಿ ನೂಲಗ ವರಿ ಅಂತ ಒಂದು ಸಾಲು ಇರುತ್ತೆ. ಗ್ರಂಥಾಲಯ ತೆರಿಗೆ. ಪುಸ್ತಕ ಮುಟ್ಟದವರೂ ಕಟ್ಟುತ್ತಾ ಬಂದಿರೋ ದುಡ್ಡು ಅದು.

ಅದರ ಮೂಲ ಮದರಾಸು ಸಾರ್ವಜನಿಕ ಗ್ರಂಥಾಲಯ ಕಾಯಿದೆ, 1948ನೇ ಇಸವಿಯದ್ದು. ಸ್ವತಂತ್ರ ಭಾರತದಲ್ಲಿ ಗ್ರಂಥಾಲಯಕ್ಕೆ ಅಂತ ಮಾಡಿದ ಮೊದಲ ಕಾನೂನು ಅದು. ಹಿಂದೆ ನಿಂತು ಬಹಳ ವರ್ಷ ಒತ್ತಾಯ ಮಾಡಿದವರು ಗ್ರಂಥಾಲಯ ವಿಜ್ಞಾನದ ದೊಡ್ಡ ಹೆಸರು ಎಸ್.ಆರ್. ರಂಗನಾಥನ್. ಅದನ್ನು ಕಾನೂನು ಮಾಡಿಸಿದ ಶಿಕ್ಷಣ ಮಂತ್ರಿ ಅವಿನಾಶಿಲಿಂಗಂ. ಜಿಲ್ಲೆಗೊಂದು ಗ್ರಂಥಾಲಯ ಸಮಿತಿ, ಅದಕ್ಕೆ ಖರ್ಚಿಗೆ ಮನೆ ತೆರಿಗೆಯ ಮೇಲೆ ಒಂದು ಸಣ್ಣ ಪಾಲು. ಯಾವ ಧನಿಕರ ದಾನಕ್ಕೂ ಕಾಯಬೇಕಾಗಿಲ್ಲ. ಕರ್ನಾಟಕದಲ್ಲಿ ಇಂಥ ಕಾಯಿದೆ ಬಂದದ್ದು 1965ರಲ್ಲಿ.

ಆಗಲೇ ಕರುಣೆ ಬೇರೆ, ಕಾನೂನು ಬೇರೆ ಅಂದೆನಲ್ಲ, ಅದು ಇಲ್ಲಿದೆ. ಶಾಖಾ ಗ್ರಂಥಾಲಯದ ಒಳಗೆ ಹೋಗಿ ಕುರ್ಚಿ ಎಳೆದು ಕೂತು ಪೇಪರ್ ಓದೋಕೆ ನಿಮ್ಮ ಜಾತಿಯನ್ನು ಯಾರೂ ಕೇಳೋ ಹಾಗಿಲ್ಲ. ಅಲ್ಲಿರೋ ಕುರ್ಚಿಗೆ ನಿಮ್ಮ ಅಜ್ಜಿ, ನಿಮ್ಮ ಅಪ್ಪ ದುಡ್ಡು ಕಟ್ಟಿದ್ದಾರೆ. ಬಾಬಾಸಾಹೇಬರು ತಮ್ಮ ಮನೆಯನ್ನೇ ಪುಸ್ತಕದ ಮನೆ ಮಾಡಿಕೊಂಡವರು. ಅವರ ಫೋಟೋ ಹಾಕಿರೋ ನಮ್ಮ ಬೀದಿಯಲ್ಲಿ ಎಷ್ಟು ಜನರ ಹತ್ತಿರ ಗ್ರಂಥಾಲಯದ ಕಾರ್ಡ್ ಇದೆ?

ಆಮೇಲಿನ ವರ್ಷಗಳು

1952ರ ಮೊದಲ ಚುನಾವಣೆಯಲ್ಲಿ ಅವರು ತಿರುಪ್ಪೂರಿನಿಂದ ಲೋಕಸಭೆಗೆ ಹೋದರು, 1957ರ ತನಕ ಇದ್ದರು. 1958ರಿಂದ 1964ರ ತನಕ ರಾಜ್ಯಸಭೆ. ಅದರ ನಡುವೆ 1957ರಲ್ಲಿ ಕೊಯಮತ್ತೂರಿನಲ್ಲಿ ಹೆಣ್ಣುಮಕ್ಕಳಿಗಾಗಿ ಗೃಹವಿಜ್ಞಾನ ಕಾಲೇಜು ತೆರೆದರು. ಗೃಹವಿಜ್ಞಾನ ಅಂದ್ರೆ ಅಡುಗೆ, ಹೊಲಿಗೆ ತಾನೆ, ಅದನ್ನ ಕಲಿಯೋಕೆ ಕಾಲೇಜು ಬೇಕಾ ಅಂತ ತಂಗಿಯರು ನಗಬಹುದು. ನಗೋದರಲ್ಲಿ ನ್ಯಾಯವೂ ಇದೆ, ಹೆಣ್ಣನ್ನು ಮನೆಯ ಸುತ್ತಲೇ ನೋಡುವ ಕಾಲದ ಯೋಚನೆ ಅದರಲ್ಲಿತ್ತು. ಆದರೆ ಆಹಾರ ಪೌಷ್ಟಿಕತೆ, ಮಕ್ಕಳ ಬೆಳವಣಿಗೆ ಅಂತ ಅದೇ ಬಾಗಿಲಿನಿಂದ ವಿಜ್ಞಾನ ಒಳಗೆ ಬಂತು, ಮನೆಯಿಂದ ಹೊರಗೆ ಕಳಿಸದ ಅಪ್ಪಂದಿರೂ ಮಗಳನ್ನು ಕಳಿಸಿದರು. 1988ರಲ್ಲಿ ಅದು ವಿಶ್ವವಿದ್ಯಾಲಯದ ಮಟ್ಟಕ್ಕೆ ಏರಿತು. 1970ರಲ್ಲಿ ಅವರಿಗೆ ಪದ್ಮಭೂಷಣ ಬಂತು. 1991ರ ನವೆಂಬರ್ 21ರಂದು, 88ನೇ ವಯಸ್ಸಿನಲ್ಲಿ ತೀರಿಕೊಂಡರು.

ನಾವು ಏನು ತಗೊಳ್ಳೋಣ

ನಮ್ಮ ಮನೆಯ ಸ್ಥಿತಿ ನಿಮಗೆ ಗೊತ್ತು. ಮನೆಯೊಳಗೆ ಕನ್ನಡ, ಬೀದಿಯಲ್ಲಿ ತಮಿಳು, ಕಂಪನಿಯಲ್ಲಿ ತಮಿಳೂ ಹಿಂದಿಯೂ, ಫೋನಿನಲ್ಲಿ ಇಂಗ್ಲಿಷು. ಚಿಕ್ಕವನಿದ್ದಾಗ ಕ್ಲಾಸಿನಲ್ಲಿ ಅರಿಸಿ ಅನ್ನೋ ಕಡೆ ಬಾಯಿ ತಪ್ಪಿ ಅಕ್ಕಿ ಅಂದಾಗ ಇಡೀ ಬೆಂಚು ನಕ್ಕಿತ್ತು. ಅರಿಸಿಗೂ ಅಕ್ಕಿಗೂ ಬೇರು ಒಂದೇ ಅಂತ ಆಗ ಹೇಳಿಕೊಡೋರು ಇರಲಿಲ್ಲ. ನಿಮ್ಮಲ್ಲೂ ಎಷ್ಟೋ ಜನಕ್ಕೆ ಹೀಗೆ ಆಗಿದೆ. ಹೀಗೇ ಮುಂದುವರಿದರೆ ನಮ್ಮ ಮನೆಯ ಕನ್ನಡ ಅಜ್ಜಿಯರ ಜೊತೆಗೇ ಹೋಗಿಬಿಡುತ್ತೆ. ಯಾಕಂದ್ರೆ ನಮ್ಮಲ್ಲಿ ಬಹಳ ಜನಕ್ಕೆ ಮಾತು ಬರುತ್ತೆ, ಅಕ್ಷರ ಬರೋದಿಲ್ಲ.

ಹಾಗಂತ ತಮಿಳಿನ ಮೇಲೆ ಕೋಪ ಮಾಡಿಕೊಳ್ಳೋದು ತಪ್ಪು. ನಮ್ಮಲ್ಲಿ ಓದಿ ಮೇಲೆ ಬಂದವರು ಬಂದದ್ದು ಸರಕಾರಿ ಶಾಲೆಯ ತಮಿಳಿನಿಂದ. ಈಗ ಸಾಲ ಮಾಡಿ ಇಂಗ್ಲಿಷ್ ಮೀಡಿಯಂಗೆ ಮಕ್ಕಳನ್ನ ಹಾಕೋದು ಹೆಚ್ಚಾಗಿದೆ. ಇಂಗ್ಲಿಷ್ ಬೇಡ ಅಂತ ನಾನು ಹೇಳ್ತಿಲ್ಲ. ಬಾಬಾಸಾಹೇಬರು ಲೋಕಕ್ಕೆ ತಮ್ಮ ಮಾತು ಮುಟ್ಟಿಸಿದ್ದು ಇಂಗ್ಲಿಷಿನಲ್ಲಿ. ಆದರೆ ಲೆಕ್ಕ ಗೊತ್ತಿರಲಿ. ತಮಿಳು ಮಾಧ್ಯಮದಲ್ಲಿ ಓದಿದವರಿಗೆ ರಾಜ್ಯ ಸರಕಾರದ ನೇಮಕದಲ್ಲಿ ಶೇಕಡಾ 20 ಆದ್ಯತೆ ಕೊಡುವ ಕಾನೂನು 2010ರಿಂದ ಇದೆ. 2020ರ ತಿದ್ದುಪಡಿ ಆದ ಮೇಲೆ ಒಂದನೇ ತರಗತಿಯಿಂದಲೇ ತಮಿಳು ಮಾಧ್ಯಮದಲ್ಲಿ ಓದಿರಬೇಕು. ಮಗುವನ್ನು ಯಾವ ಮೀಡಿಯಂಗೆ ಹಾಕೋದು ಅಂತ ತೀರ್ಮಾನ ಮಾಡೋ ಮೊದಲು ಇದನ್ನೂ ಯೋಚಿಸಿ. ಕನ್ನಡದ ವಿಷಯಕ್ಕೆ ಬಂದ್ರೆ, ಭಾಷಾ ಅಲ್ಪಸಂಖ್ಯಾತರ ಮಕ್ಕಳಿಗೆ ಪ್ರಾಥಮಿಕ ಹಂತದಲ್ಲಿ ತಾಯ್ನುಡಿಯಲ್ಲಿ ಕಲಿಯೋ ಅನುಕೂಲ ಮಾಡಲು ರಾಜ್ಯಗಳು ಪ್ರಯತ್ನಿಸಬೇಕು ಅಂತ ಸಂವಿಧಾನದ 350ಎ ವಿಧಿ ಹೇಳುತ್ತೆ. 1956ರಲ್ಲಿ ಸೇರಿಸಿದ ವಿಧಿ ಅದು. ಕೇಳಿದವರಿಗೆ ಮಾತ್ರ ಅದು ಉಪಯೋಗಕ್ಕೆ ಬರುತ್ತೆ, ಕೇಳದವರಿಗೆ ಕಾಗದದಲ್ಲೇ ಇರುತ್ತೆ.

ಅವಿನಾಶಿಲಿಂಗಂ ಅವರ ರಾಜಕೀಯ ನಮ್ಮದಲ್ಲ. ಅವರ ಧರ್ಮದ ದಾರಿಯೂ ನಮ್ಮಲ್ಲಿ ಎಷ್ಟೋ ಜನರದ್ದಲ್ಲ. ಆದರೆ ಕೆಲಸದ ರೀತಿ ನಾವು ಕಲಿಯಬಹುದು. ತಮಿಳು ನನ್ನ ಉಸಿರು ಅಂತ ಗೋಡೆ ಮೇಲೆ ಬರೆಸೋದು ಸುಲಭ. ಅವರು ಆ ಭಾಷೆಗೆ ಕೂರೋಕೆ ಬೆಂಚು, ಓದೋಕೆ ಪಾಠಪುಸ್ತಕ, ಹುಡುಕೋಕೆ ವಿಶ್ವಕೋಶ, ಪುಸ್ತಕ ಇಡೋಕೆ ಗ್ರಂಥಾಲಯ, ಗ್ರಂಥಾಲಯಕ್ಕೆ ಖರ್ಚಿಗೆ ತೆರಿಗೆ, ಇಷ್ಟನ್ನೂ ಒಂದರ ಹಿಂದೆ ಒಂದು ಕಟ್ಟುತ್ತಾ ಹೋದರು. ಬಡವರ ಮಕ್ಕಳಿಗೆ ಭಾಷೆ ಏಣಿ ಆಗೋದು ಇವೆಲ್ಲ ಒಟ್ಟಿಗೆ ಇದ್ದಾಗ. ಏಣಿಯ ಒಂದು ಮೆಟ್ಟಿಲು ಕಿತ್ತುಹೋದರೂ ಮೊದಲು ಬೀಳೋದು ನಮ್ಮ ಮಕ್ಕಳೇ.

ಅದಕ್ಕೆ ಸಂಘದ ಮುಂದೆ ಮೂರು ಕೆಲಸ ಇಡ್ತೀನಿ. ಒಂದು, ಮುಂದಿನ ವಾರ್ಷಿಕೋತ್ಸವದ ಒಳಗೆ ನಮ್ಮ ಬೀದಿಯ ಪ್ರತಿ ಮನೆಯಲ್ಲಿ ಒಬ್ಬರಾದರೂ ಶಾಖಾ ಗ್ರಂಥಾಲಯದ ಸದಸ್ಯರಾಗಬೇಕು. ಎರಡು, ನಮ್ಮ ಅಜ್ಜಿ ತಾತಂದಿರ ಕನ್ನಡದ ಮಾತು, ಗಾದೆ, ಸೋಬಾನೆ ಹಾಡು, ಗಿಡ ಮೂಲಿಕೆಯ ಹೆಸರು, ಇವನ್ನು ಫೋನಿನಲ್ಲಿ ರೆಕಾರ್ಡ್ ಮಾಡಿ ಬರೆದಿಡಬೇಕು. ಕನ್ನಡ ಅಕ್ಷರ ಬರದವರು ತಮಿಳು ಅಕ್ಷರದಲ್ಲೇ ಬರೆಯಲಿ, ಆಮೇಲೆ ಬದಲಾಯಿಸೋಣ. ಮೂರು, ಭಾನುವಾರ ಸಂಜೆ ಟ್ಯೂಷನ್ ಆದ ಮೇಲೆ ಒಂದು ಗಂಟೆ ಕನ್ನಡ ಅಕ್ಷರ. ಬರುವ ಮಕ್ಕಳಿಗೆ ಹೇಳಿಕೊಡೋಕೆ ನಾನು ಇರ್ತೀನಿ. ಸ್ಲೇಟು ಬಳಪ ಸಾಕು, ಕಟ್ಟಡ ಬೇಕಾಗಿಲ್ಲ. ದೊಡ್ಡವರಿಗೂ ಜಾಗ ಇದೆ. ಕಂಪನಿಯಿಂದ ಬಂದು ಸುಸ್ತಾಗಿದ್ರೂ ಪರವಾಗಿಲ್ಲ, ಬಂದು ಕೂತ್ಕೊಳ್ಳಿ.

ಜೈ ಭೀಮ್.